ಕೆರೆಯೊಳಗೆ ಬಂಡಿ ದಾರಿ

ವಕೀಲಿಕೆ ಶುರು ಮಾಡಿದಾಗಿನಿಂದ ನನ್ನ ಅರ್ಜಿಗಳಲ್ಲಿ ಒಂದಲ್ಲ ಒಂದು ತಪ್ಪು ನುಸುಳುತ್ತಲೇ ಇದೆ. ಹಿಂದೂಪುರದ ವಕೀಲರಲ್ಲಿ ಯಾರಿಗೆ ತಾನೇ ಆಗಿಲ್ಲ ಎಂದು ಸಮಾಧಾನ ಹೇಳಿಕೊಳ್ಳುತ್ತೇನೆ. ಆದರೆ ಒಬ್ಬಳೇ ಹೆಂಗಸಿನ ಒಂದೇ ಕೇಸಿನಲ್ಲಿ ನಾನು ಮಾಡಿದ್ದಕ್ಕೆ ಆ ಸಮಾಧಾನ ಸಾಲುವುದಿಲ್ಲ. ಹೇಳಿದಾಗ ಜನ ನಗುತ್ತಾರೆ, ನಾನೂ ನಗುತ್ತೇನೆ. ನಾಚಿಕೆ ಮಾತ್ರ ಹೋಗಿಲ್ಲ.

೧. ಕೈ ತೋರಿಸಿದ ದಿಕ್ಕು

ಆಕೆ ಕಲ್ಯಾಣದುರ್ಗದ ಹತ್ತಿರ ಸೆಟ್ಟೂರು ಕಡೆಯವಳು, ಗಂಡ ಇಲ್ಲ. ಮಗಳನ್ನು ನಮ್ಮ ಹಿಂದೂಪುರದ ಹತ್ತಿರದ ಪರಿಗಿಗೆ ಕೊಟ್ಟಿದ್ದರಿಂದ ನನ್ನ ಆಫೀಸು ಗೊತ್ತಾಗಿತ್ತು. ಅವಳ ಹೊಲಕ್ಕೆ ಬಂಡಿ ಹೋಗುತ್ತಿದ್ದದ್ದು ಮೈದುನನ ಹೊಲದ ಅಂಚಿನಲ್ಲಿ. ಏನೋ ಮನಸ್ತಾಪವಾಗಿ ಅವನು ದಾರಿಗೆ ಅಡ್ಡವಾಗಿ ಜಾಲಿಮುಳ್ಳಿನ ಬೇಲಿ ಹಾಕಿಬಿಟ್ಟಿದ್ದ.

"ಬಂಡಿ ಹೋಗಾಕಿಲ್ಲ ಸಾಮಿ. ಕಳ್ಳೆಕಾಯಿ ಕಿತ್ರೆ ಮೂಟೆ ಎಲ್ಲಾ ತಲೆ ಮೇಲೇ ಹೊತ್ಕಂಡು ಬರ್ಬೇಕು," ಎಂದಳು.

ಹೊಲದ ಯಾವ ದಿಕ್ಕಿಗೆ ಏನಿದೆ ಎಂದು ಕೇಳಿದೆ. ಅವಳು ಹೊಲದಲ್ಲೇ ಬೆಳಗಿನ ಸೂರ್ಯನಿಗೆ ಮುಖ ಮಾಡಿ ನಿಂತವಳಂತೆ ಕಣ್ಣು ಮುಚ್ಚಿ, "ಈ ಕಡೀಕೆ ಮೈದುನನ ಹೊಲ, ಈ ಕಡೀಕೆ ಕೆರೆ," ಎಂದು ಕೈ ಚಾಚಿದಳು. ಎದುರಿಗೆ ಕೂತಿದ್ದ ನಾನು ನನ್ನ ಎಡಬಲ ನೋಡಿ ಬರೆದುಕೊಂಡೆ. ಎದುರು ಕೂತವರ ಎಡ ನಮ್ಮ ಬಲವಾಗುತ್ತದೆ ಎನ್ನುವುದು ಆಗ ಹೊಳೆಯಲಿಲ್ಲ. ಬಡಗಲ ಹೊಲ ತೆಂಕಲಿಗೆ ಹೋಯಿತು, ತೆಂಕಲ ಕೆರೆ ಬಡಗಲಿಗೆ ಬಂತು.

ಕಲ್ಯಾಣದುರ್ಗದ ಕೋರ್ಟಿನಲ್ಲಿ ಜಡ್ಜ್ ಮೇಡಂ ಊರಿನ ನಕ್ಷೆ ಬಿಡಿಸಿ, ಬಹಳ ಮೆತ್ತಗೆ ತೆಲುಗಿನಲ್ಲಿ ಕೇಳಿದರು: "ವಕೀಲರೇ, ನೀವು ಕೇಳುತ್ತಿರುವ ದಾರಿ ಕೆರೆಯ ನಡುವೆ ಹೋಗುತ್ತದೆ. ಆಕೆ ಹತ್ತಿರ ಇರುವುದು ಬಂಡಿಯೋ, ತೆಪ್ಪವೋ?"

ಹೊಸದಾಗಿ ಹಾಕಲು ಅನುಮತಿ ಬೇಡಿ ಅರ್ಜಿ ವಾಪಸ್ ತೆಗೆದುಕೊಂಡೆ. ಆ ಸಲದ ಕಳ್ಳೆಕಾಯಿಯನ್ನು ಅವಳು ತಲೆ ಮೇಲೇ ಹೊತ್ತಳು.

೨. ಅಭ್ಯಂತರವಿಲ್ಲ

ಎರಡನೇ ಸಲ ದಿಕ್ಕುಗಳನ್ನು ನಕ್ಷೆ ನೋಡಿಯೇ ಬರೆದೆ. ಉಳಿದದ್ದಕ್ಕೆ ಕಂಪ್ಯೂಟರಿನಲ್ಲಿದ್ದ ಹಳೆಯ ಅರ್ಜಿಯೊಂದನ್ನು ತೆಗೆದು ತಿದ್ದಿದೆ. ಅದು ಪೆನುಕೊಂಡದ ತೋಟದವರೊಬ್ಬರದು. ಅವರ ಬೇಲಿಯನ್ನು ಪಕ್ಕದವರು ಕೀಳುತ್ತಿದ್ದರು. ಹೆಸರು, ಊರು, ಸರ್ವೆ ನಂಬರ್ ಎಲ್ಲ ಬದಲಿಸಿದೆ. ಕೊನೆಯ ಪುಟದಲ್ಲಿ ಕೋರ್ಟಿಗೆ ಮಾಡುವ ಕೋರಿಕೆ ಮಾತ್ರ ಹಳೆಯದೇ ಉಳಿಯಿತು.

ಮೈದುನನ ವಕೀಲರು ಎದ್ದು ಅದನ್ನೇ ಗಟ್ಟಿಯಾಗಿ ಓದಿದರು: ಸದರಿ ಬೇಲಿಯನ್ನು ಯಾರೂ ಎಂದೆಂದಿಗೂ ಮುಟ್ಟದಂತೆ ಆದೇಶ ಕೊಡಬೇಕು. ಓದಿ, "ಮಾಕು ಏ ಅಭ್ಯಂತರಮೂ ಲೇದು ಮೇಡಂ," ಎಂದು ತೆಲುಗಿನಲ್ಲೇ ಒಪ್ಪಿಗೆ ಹೇಳಿ ಕೂತರು.

ಹಾಲ್‌ನಲ್ಲಿ ನಗದೆ ಉಳಿದವನು ನಾನೊಬ್ಬನೇ. ಮತ್ತೆ ವಾಪಸ್ ಪಡೆದು ಹೊರಗೆ ಬಂದರೆ, ಜಗಲಿಯಲ್ಲಿ ಕಾದಿದ್ದ ಆಕೆ ಮುಖ ಅರಳಿಸಿಕೊಂಡು ಬಂದಳು. "ಅವ್ರೂ ಒಪ್ಕೊಂಡ್ಬುಟ್ರಂತೆ, ಹೌದಾ ಸಾಮಿ?"

ಅವಳನ್ನು ಬಸ್ ಸ್ಟಾಂಡಿಗೆ ಕರೆದುಕೊಂಡು ಹೋಗಿ, ಟೀ ಕೊಡಿಸಿ, ಆಮೇಲೆ ಇದ್ದದ್ದು ಹೇಳಿದೆ. ಬೈದಿದ್ದರೆ ಎಷ್ಟೋ ಹಗುರವಾಗುತ್ತಿತ್ತು. ಅವಳು ಟೀ ಪೂರ್ತಿ ಕುಡಿದು ಲೋಟ ಇಟ್ಟಳು.

"ಇರ್ಲಿ ಬಿಡಿ ಸಾಮಿ. ತಲೆ ಇನ್ನೂ ಗಟ್ಟಿಗದೆ."

೩. ನಾನೇ ಕಣ್ಣಾರೆ ಕಂಡದ್ದು

ಮೂರನೇ ಅರ್ಜಿ ಬರೆಯುವ ಮುಂಚೆ ಹೊಲವನ್ನು ಕಣ್ಣಾರೆ ನೋಡಬೇಕೆಂದು ಬೆಳಗ್ಗೆಯೇ ಅವಳ ಊರಿಗೆ ಹೋದೆ. ಅವಳು ನನ್ನ ಭುಜ ಹಿಡಿದು ತಿರುಗಿಸಿ ನಿಲ್ಲಿಸಿದಳು. "ಅಗೋ ಸೂರ್ಯ. ಈಗ ಬರ್ಕಳಿ."

ಬರೆದುಕೊಂಡೆ. ದಾರಿಯ ಉದ್ದವೂ ಇರಲಿ ಎಂದು ಹಿಂದಕ್ಕೆ ಹೆಜ್ಜೆ ಇಡುತ್ತಾ ಎಣಿಸುತ್ತಾ ಬಂದವನು ನೇರವಾಗಿ ಬೇಲಿಯ ಮೇಲೆ ಕೂತೆ. ಅಲ್ಲಾಡಿದಷ್ಟೂ ಮುಳ್ಳು ಹಿಡಿಯಿತು. ಆಕೆ ಎಳೆದಳು, ಅಂಗಿ ಹರಿಯಿತು, ನಾನು ಬರಲಿಲ್ಲ.

ಅಷ್ಟರಲ್ಲಿ ಆ ಕಡೆಯಿಂದ ಮೈದುನ ಮಚ್ಚು ಹಿಡಿದುಕೊಂಡು ಬಂದ. ನನ್ನ ಕಥೆ ಮುಗಿಯಿತು ಎಂದುಕೊಂಡೆ. ಅವನು ನನ್ನ ಎಡಕ್ಕೂ ಬಲಕ್ಕೂ ಬೇಲಿ ಕಡಿದು, ರಟ್ಟೆ ಹಿಡಿದು ಹೊರಕ್ಕೆಳೆದ. ಬೆನ್ನಿನ ಮುಳ್ಳು ಕೀಳುತ್ತಲೇ ಆಕೆಗೆ ಹೇಳಿದ:

"ಅತ್ಗೆ, ಈ ಲಾಯರ್ನ ಇಟ್ಕಂಡು ನೀನು ಯಾವ ಕಾಲಕ್ಕೆ ಗೆಲ್ತೀಯಾ? ನಿನ್ನ ನೋಡಿದ್ರೆ ನಂಗೇ ಪಾಪ ಅನ್ನಿಸ್ತದೆ. ಬೇಲಿ ಕಡ್ದಾಯ್ತಲ್ಲ, ಬಂಡಿ ಹೊಡ್ಕಂಡು ಹೋಗು."

ಆಕೆ ಸೆರಗಿನಿಂದ ಕಣ್ಣೊರೆಸಿಕೊಂಡಳು. "ಕಾಗದ ಬರ್ದು ಕೊಡ್ತೀಯೇನಪ್ಪಾ?"

"ಕೊಡ್ತೀನಿ. ಆದ್ರೆ ಬರೆಯೋದು ನಮ್ ಲಾಯರು. ಇವ್ರು ಬರದ್ರೆ ದಾರಿ ತಿರ್ಗಾ ಕೆರೆಗೆ ಹೋಯ್ತದೆ."

ನನ್ನ ಪರವಾಗಿ ಒಂದು ಮಾತಾದರೂ ಆಡುತ್ತಾಳೆ ಎಂದು ಅವಳ ಮುಖ ನೋಡಿದೆ.

"ಅದೇ ಸರಿ ಕಣಪ್ಪ," ಎಂದಳು, ನಾನು ಉಸಿರು ಬಿಡುವ ಮೊದಲೇ.

ಕಾಗದ ಕಲ್ಯಾಣದುರ್ಗದಲ್ಲಿ ತಯಾರಾಯಿತು. ನಾನು ಬರೀ ಸಾಕ್ಷಿ. ಪೆನ್ನು ತೆಗೆದು ಬಗ್ಗಿದೆ. ಆಕೆ ಮೆಲ್ಲಗೆ ಪಕ್ಕಕ್ಕೆ ಬಂದು, ಸಹಿ ಹಾಕುವ ಜಾಗದ ಮೇಲೆ ಬೆರಳಿಟ್ಟಳು.

"ಇಲ್ಲಿ ಸಾಮಿ. ಈ ಕಡೀಕೆ."