ಪರದೆಯ ಮೇಲಿನ ದೃಷ್ಟಿಬೊಟ್ಟು

ನಮ್ಮ ಸೋದರಮಾವನಷ್ಟು ಬೇಜಾರಿನ ಸಿನಿಮಾ ತೋರಿಸಿದವರು ಈ ಸೀಮೆಯಲ್ಲಿ ಇನ್ನೊಬ್ಬರಿಲ್ಲ! ಹೊಡೆದಾಟವಿಲ್ಲ, ಹಾಡಿಲ್ಲ, ಮಾತಂತೂ ಮೊದಲೇ ಇಲ್ಲ. ಒಂದು ಕೂಸು ಅಜ್ಜಿಯ ಕಾಲ ಮೇಲೆ ಮಲಗಿ ಎರೆಸಿಕೊಳ್ಳುತ್ತದೆ, ಗಂಜಿ ಉಗುಳುತ್ತದೆ, ಅಂಬೆಗಾಲಿಟ್ಟು ಬೀಳುತ್ತದೆ, ಕೊನೆಗೆ ನಿದ್ದೆ ಹೋಗುತ್ತದೆ. ಮುಗಿಯಿತು!

ಶಹಾಪುರದ ಹತ್ತಿರ ಕೆನಾಲ್ ಅಗೆಯುತ್ತಿದ್ದ ಕಾಲ. ಮಾವ ಕ್ಯಾಂಪಿನ ಸಿನಿಮಾ ಮಷಿನ್ ನಡೆಸುತ್ತಿದ್ದ; ಸುತ್ತಲ ಊರುಗಳಿಗೂ ಒಯ್ದು ಆಟ ತೋರಿಸುತ್ತಿದ್ದ. ಕೂಸು ಅವನದೇ ಮಗಳು. ಇಂಜಿನಿಯರ್ ಸಾಹೇಬರೊಬ್ಬರು ತಮ್ಮ ಕ್ಯಾಮೆರಾದಲ್ಲಿ ತೆಗೆದುಕೊಟ್ಟ ಮೂಕಿ ಚಿತ್ರವದು. ಯಾವ ಊರಿಗೆ ಹೋದರೂ ಮಾವ ಮೊದಲು ಇದನ್ನೇ ಹಾಕುವವನು. ಮಷಿನ್ ಪಕ್ಕ ನಿಂತು ಕೂಸಿನ ಅಳು, ಸೀನು, ತೇಗು ಎಲ್ಲ ತಾನೇ! ಅಷ್ಟು ದೊಡ್ಡ ಮೀಸೆಯ ಮನುಷ್ಯ "ಕುವ್ವಾ" ಎಂದು ಅತ್ತರೆ ಜನ ನಗದೆ ಇರುತ್ತಾರೆಯೇ?

ದೋರನಹಳ್ಳಿಯಲ್ಲಿ ಒಬ್ಬ ಮುದುಕಿ ಎದ್ದಳು.

"ಇಷ್ಟು ಮಂದಿ ನೋಡಾಕತ್ತಾರ, ಕೂಸಿಗಿ ಒಂದು ದಿಷ್ಟಿಬಟ್ಟು ಇಲ್ಲ! ನಿನಗ ಬುದ್ಧಿ ಅದ ಇಲ್ಲೋ?"

ಪಕ್ಕದಲ್ಲಿದ್ದ ಸೊಸೆಯ ಕಣ್ಣಿಂದ ಕಾಡಿಗೆ ತೆಗೆದವಳೇ ಹೋಗಿ ಪರದೆಗೆ ಒತ್ತಿದಳು. ಅಷ್ಟರಲ್ಲಿ ಕೂಸು ಉರುಳಿ ಆಚೆ ಹೋಗಿತ್ತು! ಆಮೇಲಿನ ಸಿನಿಮಾದಲ್ಲಿ ರಾಜನಿಗೂ ರಾಕ್ಷಸನಿಗೂ ಅದೇ ಬೊಟ್ಟು.

ಮಾವ ಮಾತ್ರ ನಗಲಿಲ್ಲ. ಚಿತ್ರ ತೆಗೆದ ದಿನ ಅತ್ತೆ ಕಾಡಿಗೆ ಹಚ್ಚಲು ಬಂದಾಗ, "ಮಸಿ ಬಡದಂಗ ಕಾಣ್ತದ, ಬ್ಯಾಡ" ಎಂದು ತಡೆದವನು ಅವನೇ. ಅದೇ ವರ್ಷ ಮಳೆಗಾಲದಲ್ಲಿ ಜ್ವರ ಬಂದು ಕೂಸು ತೀರಿಹೋಯಿತು. ಅತ್ತೆ ಆ ಚಿತ್ರವನ್ನು ಒಮ್ಮೆಯೂ ನೋಡಿರಲಿಲ್ಲ. ಪ್ರತಿ ಸಲ ಹೊರಡುವಾಗ ಮಾವ "ಬರ್ತೀಯೇನು?" ಎಂದು ಕೇಳುತ್ತಿದ್ದ. ಅವಳು ಒಲೆ ಊದುತ್ತ ಕೂತಿರುತ್ತಿದ್ದಳು.

ಮರುದಿನ ಪರದೆ ಒಗೆದು ಹರವಿದವಳು ಅತ್ತೆಯೇ. ಬಟ್ಟೆಯೆಲ್ಲ ಬೆಳ್ಳಗೆ, ಬೊಟ್ಟು ಹಾಗೇ!

"ಅತ್ತೀ, ಕಾಡಿಗಿ ಹೋಗಿಲ್ಲಲ್ಲ?" ಎಂದೆ ನಾನು.

"ನಾ ತಿಕ್ಕಿಲ್ಲ."

ಸಂಜೆ ರಂಗಂಪೇಟೆಯ ಆಟಕ್ಕೆ ಮಾವ ಕೇಳುವ ಮೊದಲೇ ಅತ್ತೆ ಸೆರಗು ಹೊದ್ದು ನಮ್ಮ ಜೊತೆ ಹೊರಟಳು. ಚಿತ್ರ ಶುರುವಾಯಿತು. ಮಾವನ ಗಂಟಲಿಂದ ಅಳುವೂ ಇಲ್ಲ, ಸೀನೂ ಇಲ್ಲ. ಕೂಸು ನಿದ್ದೆ ಹೋಗುವ ಹೊತ್ತಿಗೆ ಅವನು ಮಷಿನ್ನನ್ನು ಎರಡೂ ಕೈಯಲ್ಲಿ ಹಿಡಿದು ಮೆಲ್ಲಗೆ ಸರಿಸಿದ. ಕೂಸಿನ ಕೆನ್ನೆ ಬೊಟ್ಟಿನ ಮೇಲೆ ಬಂದು ನಿಂತಿತು. ನನಗೆ ಅಳು ತಡೆಯಲಾಗಲಿಲ್ಲ.

"ಹಾಂ, ಅಲ್ಲೇ ಇರ್ಲಿ," ಎಂದಳು ಅತ್ತೆ. "ಅಲುಗಾಡಸಬ್ಯಾಡ್ರಿ. ಮಲಗ್ಯಾಳ."