ವೀಸಾ ಬೇಡದ ಮಾವ, ಅನುಮತಿ ಇಲ್ಲದ ಅಳಿಯ

ಎರಡು ಸರ್ಕಾರಗಳು ಸ್ನೇಹ ಬೆಳೆಸಿಕೊಳ್ಳುವುದಕ್ಕೆ ನನ್ನ ಅಭ್ಯಂತರವೇನೂ ಇಲ್ಲ. ಆದರೆ ಆ ಸ್ನೇಹದ ಭಾರವನ್ನೆಲ್ಲ ತಂದು ನಮ್ಮ ಮನೆಯ ಸೋಫಾದ ಮೇಲೆ ಹೇರಿದ್ದು ಯಾವ ನ್ಯಾಯ, ನೀವೇ ಹೇಳಿ.

ನಮ್ಮೂರ ಹೊಳೆಯ ಆಚೆ ದಡ ಬೇರೆ ದೇಶ. ನನ್ನ ಹೆಂಡತಿಯ ಚಿಕ್ಕಪ್ಪ ಆ ದೇಶದ ಪ್ರಜೆ. ವ್ಯಾಯಾಮದ ಮೇಷ್ಟ್ರಾಗಿದ್ದು ನಿವೃತ್ತರಾದವರು. ಇಷ್ಟು ಕಾಲ ಸೇತುವೆ ದಾಟಲು ವೀಸಾ ಬೇಕಿತ್ತು. ಹಾಗಾಗಿ ಅವರ ಪ್ರೀತಿಯೆಲ್ಲ ಫೋನಿನಲ್ಲೇ ಹರಿಯುತ್ತಿತ್ತು. (ಫೋನಿಗೆ ಕರೆ ಮುಗಿಸುವ ಗುಂಡಿ ಇರುತ್ತದೆ. ಚಿಕ್ಕಪ್ಪಂದಿರಿಗೆ ಇರುವುದಿಲ್ಲ.) ಈ ವರ್ಷ ನಿಯಮ ಬದಲಾಯಿತು. ವೀಸಾ ಬೇಡ, ಮೊಬೈಲಿನಲ್ಲೇ ಅರ್ಜಿ ಹಾಕಿ ಒಂದು ಪ್ರಯಾಣದ ಅನುಮತಿ ತರಿಸಿಕೊಂಡರೆ ಸಾಕು. ಚಿಕ್ಕಪ್ಪನ ಪರವಾಗಿ ನನ್ನ ಹೆಂಡತಿಯೇ ಅರ್ಜಿ ಹಾಕಿದಳು. ಒಲೆಯ ಮೇಲಿಟ್ಟ ಹಾಲು ಉಕ್ಕುವಷ್ಟರಲ್ಲಿ ಅನುಮತಿ ಬಂದೇಬಿಟ್ಟಿತು.

"ಎಷ್ಟು ದಿನ ಇರ್ತಾರೆ?" ಎಂದೆ.

"ಒಂದು ಸಲಕ್ಕೆ ಮೂರು ತಿಂಗಳವರೆಗೂ ಇರಬಹುದಂತೆ."

"ಇರಬಹುದು ಅಂತ ತಾನೇ? ಇರಲೇಬೇಕು ಅಂತೇನಿಲ್ವಲ್ಲ?"

"ಬರೋಕೆ ಮುಂಚೆನೇ ಕಳಿಸೋ ಯೋಚನೆ ಮಾಡ್ತಿದ್ದೀರಲ್ಲ! ನಿಮ್ಮ ಕಡೆಯೋರು ಬಂದಾಗ ನಾನು ಹೀಗೆ ಕೇಳಿದ್ದುಂಟಾ?"

(ಕೇಳಿದ್ದುಂಟು. ಆದರೆ ಅದನ್ನು ಅವಳಿಗೆ ನೆನಪಿಸಿದ ಗಂಡಸು ಇನ್ನೂ ಹುಟ್ಟಿಲ್ಲ.)

ಚಿಕ್ಕಮಾವ ಬಂದರು. ಸರ್ಕಾರ ಕೊಟ್ಟ ಅವಧಿಯಲ್ಲಿ ಒಂದು ದಿನವನ್ನೂ ವ್ಯರ್ಥ ಮಾಡಬಾರದೆಂಬ ನಿರ್ಧಾರದಿಂದ ಬಂದಿದ್ದರು.

ನಾನು ದರ್ಜಿ. ಮನೆಯ ಮುಂದಿನ ಕೋಣೆಯೇ ಅಂಗಡಿ. ಗಿರಾಕಿ ಬಂದು ನಿಂತು, ನಾನು ಟೇಪು ಹಿಡಿದು ಸೊಂಟಕ್ಕೆ ಸುತ್ತುವ ಹೊತ್ತಿಗೆ ಸೋಫಾದಿಂದ ಗರ್ಜನೆ ಬರುತ್ತಿತ್ತು: "ಹೊಟ್ಟೆ ಒಳಗೆ! ಎದೆ ಮುಂದೆ! ಗದ್ದ ಮೇಲೆ!" ಆ ದನಿಗೆ ಗಿರಾಕಿ ತನ್ನ ಶಾಲೆಯ ದಿನಗಳಿಗೆ ಹೋಗಿ ಉಸಿರು ಬಿಗಿಹಿಡಿದು ನಿಂತುಬಿಡುತ್ತಿದ್ದ. ನಾನು ಅದೇ ಅಳತೆಗೆ ಹೊಲಿಯುತ್ತಿದ್ದೆ. ಬಟ್ಟೆ ಚೆಂದವಾಗಿಯೇ ಕೂರುತ್ತಿತ್ತು, ತೊಟ್ಟವನು ಉಸಿರಾಡುವವರೆಗೆ. ಬ್ಯಾಂಕಿನ ಮ್ಯಾನೇಜರರು ಮಗಳ ಮದುವೆಯಲ್ಲಿ ಫೋಟೋಕ್ಕೆ ನಿಂತು ನಕ್ಕದ್ದೇ ತಡ, ಕೋಟಿನ ಗುಂಡಿ ಹಾರಿ ಫೋಟೋ ತೆಗೆಯುವವನ ಹಣೆಗೆ ಬಡಿಯಿತು. ಹೊಲಿದ ಬಟ್ಟೆಗಳು ಒಂದೊಂದಾಗಿ ವಾಪಸು ಬರತೊಡಗಿದವು. ಗಿರಾಕಿಗಳು ಬರುವುದು ನಿಂತಿತು.

ನನಗೆ ಕೂತಲ್ಲಿ ಕೂರಲಾಗದು, ನಿಂತಲ್ಲಿ ನಿಲ್ಲಲಾಗದು. ಬಾಗಿಲಿಗೆ ಹೋಗುವೆ, ಕ್ಯಾಲೆಂಡರಿನ ಮುಂದೆ ನಿಲ್ಲುವೆ, ಮತ್ತೆ ಬಾಗಿಲಿಗೆ ಬರುವೆ. ಮಾವನವರು ಮೆಚ್ಚುಗೆಯಿಂದ ನೋಡಿ, "ನಡಿಗೆ ಒಳ್ಳೇದು ಅಳಿಯಂದ್ರೇ. ಆದ್ರೆ ಕೈ ಬೀಸಿ ನಡೀರಿ" ಎನ್ನುತ್ತಿದ್ದರು.

ಒಂದು ದಿನ ಮರೆಯಲ್ಲಿ ನಿಂತು, ಆಚೆ ದಡದಲ್ಲೇ ಉಳಿದಿದ್ದ ಚಿಕ್ಕತ್ತೆಗೆ ಫೋನು ಮಾಡಿದೆ. "ಮಾವ ಇಲ್ದೆ ನಿಮಗೆ ಬೇಜಾರಾಗ್ತಿರಬೇಕು. ಅವಧಿ ಮುಗೀತಾ ಬಂತು, ಕಳಿಸಿಕೊಡ್ತೀನಿ" ಎಂದೆ.

ಅತ್ತ ಕಡೆಯಿಂದ ಕ್ಷೀಣ ದನಿ ಬಂತು: "ಅದನ್ನ ಮುಂದುವರಿಸೋಕೆ ಆಗಲ್ವೇನಪ್ಪಾ?"

ಅಂತೂ ಅವಧಿ ಮುಗಿಯುವ ದಿನ ಬಂತು. ಸೇತುವೆಯವರೆಗೆ ಬಿಟ್ಟು ಬಂದರೆ ಸಾಕೆಂದಳು ಹೆಂಡತಿ. ನನಗೆ ನಂಬಿಕೆ ಸಾಲದು. ಆಚೆ ದಡದ ಅವರ ಮನೆಯೊಳಗೇ ಸೇರಿಸಿ, ಬಾಗಿಲು ಮುಚ್ಚಿದ ಸದ್ದು ಕೇಳಿಯೇ ಬರುವೆನೆಂದು ಹೊರಟೆ.

"ಅನುಮತಿ ತಗೊಂಡ್ರಾ?" ಎಂದಳು.

"ನಿನ್ನ ಅನುಮತಿನಾ?"

"ನನ್ನದಲ್ಲ, ಅವರ ದೇಶದ್ದು. ನಮ್ಮೋರಿಗೂ ಅದೇ ನಿಯಮ."

"ವೀಸಾ ಬೇಡ ಅಂದ್ರೆ ಏನೂ ಬೇಡ ಅಂತ ಅರ್ಥ ಕಣೇ. ಸ್ವಲ್ಪ ಭಾಷೆ ಕಲಿ" ಎಂದು ಗಂಭೀರವಾಗಿ ಜಾಕೀಟು ತೊಟ್ಟೆ. ಅವಳು ಮುಂದೆ ಮಾತಾಡಲಿಲ್ಲ. ನನ್ನ ಹೆಂಡತಿ ಸುಮ್ಮನಾದಾಗ ಹೆದರಬೇಕೆಂಬುದನ್ನು ಇಷ್ಟು ವರ್ಷಗಳಲ್ಲಿ ನಾನು ಕಲಿತಿರಬೇಕಿತ್ತು.

ಆಚೆ ದಡದ ಕಚೇರಿಯಲ್ಲಿ ಮಾವನವರು ಸರಾಗವಾಗಿ ಒಳಹೋದರು. ನನ್ನ ಪಾಸ್‌ಪೋರ್ಟನ್ನು ಯಂತ್ರದ ಮೇಲಿಟ್ಟ ಅಧಿಕಾರಿಣಿ ತಲೆಯೆತ್ತಿ, "ಅನುಮತಿ ಎಲ್ಲಿ?" ಎಂದಳು.

"ವೀಸಾ ಬೇಡ ಅಂತಾರಲ್ಲಮ್ಮ."

"ಬೇಡ. ಅನುಮತಿ ಬೇಕು."

"ಅನುಮತಿ ಅಂದ್ರೆ ವೀಸಾನೇ ಅಲ್ವಾ?"

"ಅಲ್ಲ. ವೀಸಾ ಬೇಡದೋರಿಗೆ ಬೇಕಾಗಿರೋದು. ಜೇಬಲ್ಲಿರೋದನ್ನ ಹೊರಗಿಡಿ."

ಇಟ್ಟೆ. ಟೇಪು, ಕತ್ತರಿ, ಬಟ್ಟೆಗೆ ಗುರುತು ಹಾಕುವ ಸೀಮೆಸುಣ್ಣ, ಒಂದು ಮುಷ್ಟಿ ಗುಂಡಿ. ಕೆಲಸದ ಜಾಕೀಟನ್ನೇ ತೊಟ್ಟು ಬಂದಿದ್ದೆ.

"ಕೆಲಸ ಮಾಡೋಕೆ ಬಂದಿದ್ದೀರಾ? ಹೀಗೆ ಬರೋರು ಇಲ್ಲಿ ದುಡಿಯೋ ಹಾಗಿಲ್ಲ."

ನಾನು ಬೆವತೆ. ಒಳಗೆ ಹೋಗಿದ್ದ ಮಾವನವರು ಗಾಜಿನಾಚೆಯಿಂದ ನೋಡಿ, ಕಾವಲುಗಾರನನ್ನು ಪಕ್ಕಕ್ಕೆ ಸರಿಸಿ ಓಡಿಬಂದರು. "ಏನಮ್ಮಾ, ಇವರು ನನ್ನ ಅಳಿಯ. ಕೆಲಸ ಮಾಡೋ ಆಸಾಮಿನೇ ಅಲ್ಲ! ಮೂರು ತಿಂಗಳು ಕಣ್ಣಾರೆ ನೋಡಿದೀನಿ. ಬಾಗಿಲಿಂದ ಕ್ಯಾಲೆಂಡರಿಗೆ, ಕ್ಯಾಲೆಂಡರಿಂದ ಬಾಗಿಲಿಗೆ. ಅಂಗಡಿಗೆ ಒಬ್ಬ ಗಿರಾಕಿ ಇಲ್ಲ. ನಾನು ಜಾಮೀನು!"

ನನ್ನ ಪರವಾಗಿ ಇಷ್ಟು ಪ್ರಾಮಾಣಿಕವಾಗಿ ಈವರೆಗೆ ಯಾರೂ ವಾದಿಸಿರಲಿಲ್ಲ. ಆದರೂ ಪ್ರವೇಶ ನಿರಾಕರಿಸಿದರು. ಮುಂದೆ ಬರಬೇಕಾದರೆ ಮೊಬೈಲಿನ ಅನುಮತಿ ಸಿಗುವುದಿಲ್ಲವಂತೆ. ಹಳೆಯ ಕಾಲದ ಹಾಗೆ ವೀಸಾ, ಸಂದರ್ಶನ, ಸಾಲು. ಬೆಂಚಿನ ಮೇಲೆ ಕುಸಿದು ಕೂತೆ. ಸಿಟ್ಟಿಗೋ ಅವಮಾನಕ್ಕೋ ಕಣ್ಣು ಒದ್ದೆಯಾಯಿತು.

ಮಾವನವರು ಅದನ್ನು ನೋಡಿಬಿಟ್ಟರು. ಪಕ್ಕದಲ್ಲಿ ಕೂತು ಬೆನ್ನು ಸವರಿದರು. "ಅಳಬೇಡಿ ಅಳಿಯಂದ್ರೇ. ನನ್ನ ಬಿಟ್ಟಿರೋಕೆ ಇಷ್ಟು ಸಂಕಟ ಆಗುತ್ತೆ ಅಂತ ನನಗೆ ಗೊತ್ತಿರಲಿಲ್ಲ" ಎಂದವರೇ ತಮ್ಮ ಚೀಲದ ಜೊತೆ ನನ್ನನ್ನೂ ಎತ್ತಿ ನಿಲ್ಲಿಸಿದರು. "ಈ ಸ್ಥಿತೀಲಿ ನಿಮ್ಮನ್ನ ಒಬ್ಬರನ್ನೇ ಕಳಿಸ್ತೀನಾ? ನಡೀರಿ."

ಸೇತುವೆಯುದ್ದಕ್ಕೂ ನನಗಿದ್ದದ್ದು ಒಂದೇ ಭರವಸೆ: ನಮ್ಮ ದೇಶದ ಕಾನೂನು. ನಮ್ಮ ಕಚೇರಿಯ ಅಧಿಕಾರಿ ಹುಬ್ಬು ಗಂಟಿಕ್ಕಿದಾಗ ಪ್ರಾಣ ಬಂದಂತಾಯಿತು.

"ಏನ್ ಯಜಮಾನ್ರೇ, ಅವಧಿ ಮುಗಿಸಿ ಈಗ ತಾನೇ ಹೋದ್ರಿ. ತಿರುಗಿ ಬಂದ್ರಾ? ಅನುಮತಿಯೇನೋ ಚಾಲ್ತಿಯಲ್ಲಿದೆ. ಆದ್ರೆ ಒಳಗೆ ಬಿಡೋದು ಬಿಡದೇ ಇರೋದು ನನ್ನ ವಿವೇಚನೆ." ನಾನು ಮನಸ್ಸಿನಲ್ಲೇ ಆತನಿಗೆ ಬಡ್ತಿ ಹಾರೈಸಿದೆ. ಆತ ನನ್ನ ಕಡೆ ತಿರುಗಿದ. "ಇವರನ್ನ ಮನೇಲಿ ಇಟ್ಟುಕೊಳ್ಳೋರು ನೀವಾ? ಒಪ್ಪಿಗೆ ಇದೆಯಾ?"

ಇಲ್ಲ ಎಂದರೆ ಮುಗಿಯಿತು. ಎರಡೇ ಅಕ್ಷರ. ಬಾಯಿ ತೆರೆದೆ. ಮಾವನವರು ಒಂದು ಕೈಯಲ್ಲಿ ನನ್ನ ಟೇಪು, ಕತ್ತರಿಗಳನ್ನು ಜೋಪಾನವಾಗಿ ಹಿಡಿದುಕೊಂಡು, ಇನ್ನೊಂದು ಕೈಯಿಂದ ತಮ್ಮ ಕರವಸ್ತ್ರ ತೆಗೆದು ನನ್ನ ಹಣೆಯ ಬೆವರು ಒರೆಸುತ್ತಿದ್ದರು.

"ಇದೆ" ಎಂದೆ. ಹಾಳಾದ್ದು, ಅದೂ ಎರಡೇ ಅಕ್ಷರ.

ದಬ್ ಎಂದು ಮುದ್ರೆ ಬಿತ್ತು. ಹೊಸದಾಗಿ, ಪೂರ್ತಿ ಮೂರು ತಿಂಗಳು.

ಮನೆಯಲ್ಲಿ ಹೆಂಡತಿ ಆಶ್ಚರ್ಯಪಡಲಿಲ್ಲ. ಅನ್ನಕ್ಕೆ ಅಕ್ಕಿ ಹೆಚ್ಚಿಗೆ ಹಾಕಿಯೇ ಇಟ್ಟಿದ್ದಳು. ಮಾವನವರು ಬೂಟು ಕಳಚುತ್ತಲೇ ಹೊಸ ಸತ್ಯವೊಂದನ್ನು ಪ್ರಕಟಿಸಿದರು. "ಅಳಿಯಂದ್ರಿಗೆ ನಮ್ಮ ದೇಶಕ್ಕೆ ಬರೋಕಾಗಲ್ಲ ಅಂದ್ಮೇಲೆ ಇನ್ನು ನಾವೇ ಬರ್ತಾ ಇರಬೇಕಾಗುತ್ತೆ. ನಿಮ್ಮ ಚಿಕ್ಕಮ್ಮನಿಗೂ ಒಂದು ಅನುಮತಿ ತರಿಸಿಬಿಡಮ್ಮ."

"ನನ್ನ ಕೈ ಹಿಟ್ಟಾಗಿದೆ. ಭಾಷೆ ಬಲ್ಲೋರು ಅವರೇ ಇದಾರಲ್ಲ, ಅವರೇ ಬರೀಲಿ" ಎಂದು ಮೊಬೈಲನ್ನು ಮೊಣಕೈಯಿಂದಲೇ ನನ್ನ ಕಡೆ ದೂಡಿದಳು.

ಬರೆದೆ. ಹೆಸರು, ಹುಟ್ಟಿದ ದಿನ, ಉಳಿಯುವ ವಿಳಾಸ. ಕಡೆಗೆ ಬಂದದ್ದು 'ಭೇಟಿಯ ಉದ್ದೇಶ'.

"ಏನಂತ ಹಾಕ್ಲಿ ಮಾವ?"

ಅವರು ನನ್ನನ್ನು ಕನಿಕರದಿಂದ ನೋಡಿದರು. "ದುಃಖದಲ್ಲಿರೋ ಬಂಧುವಿಗೆ ಸಮಾಧಾನ ಹೇಳೋಕೆ, ಅಂತ ಹಾಕಿ."