ಐದು ಅಂದವರು ಯಾರು?

ತಮಾಷೆಯನ್ನ ನಾನು ಹುಡುಕ್ಕೊಂಡು ಹೋಗೋದಿಲ್ಲ. ಬೆಳಿಗ್ಗೆ ಪೇಪರ್ ಬಿದ್ದ ಹಾಗೆ ಅದೇ ದಿನಾ ನಮ್ಮ ಬಾಗಿಲಿಗೆ ಬಂದು ಬೀಳುತ್ತೆ. ನಾನು ಎತ್ಕೊಂಡು ಓದ್ತೀನಿ, ಅಷ್ಟೇ ನನ್ನ ತಪ್ಪು. ಅಮ್ಮಿ ಇದನ್ನ ಒಪ್ಪಲ್ಲ. "ಪೇಪರ್ ಹಾಕೋನೂ ನೀನೇ" ಅಂತಾಳೆ.

ದೇವರು ನಂಗೆ ಲೆಕ್ಕ ಕೊಡಲಿಲ್ಲ, ಇಂಗ್ಲಿಷ್ ಕೊಡಲಿಲ್ಲ, ಗಂಟಲು ಕೊಟ್ಟ. ಯಾರ ದನಿಯಾದ್ರೂ ಸರಿ, ಹತ್ತು ನಿಮಿಷ ಕೇಳಿದ್ರೆ ಸಾಕು, ನನ್ನ ಗಂಟಲಲ್ಲಿ ಬಂದು ಕೂತ್ಕೊಳ್ಳುತ್ತೆ. ಅದರಿಂದ ನಂಗೆ ಸ್ಕೂಲು ಹೋಯ್ತು. ಆಮೇಲೆ ಒಂದು ಕೆಲಸ ಹೋಗೋದ್ರಲ್ಲಿತ್ತು. ಸ್ಕೂಲಿನ ಚಿಂತೆ ಇಲ್ಲ. ಆ ಕೆಲಸ ಮಾತ್ರ ನಂಗೆ ನಿಜವಾಗ್ಲೂ ಬೇಕಿತ್ತು.

ಒಳಗೋ ಆಚೆಯೋ

ಹತ್ತನೇ ಕ್ಲಾಸಲ್ಲಿ ನಮ್ಮ ಬೆಂಚಿಗೆ ಐದು ಜನ. ನಾಲ್ಕು ಜನ ಕೆರೆ ಹತ್ರ ಕ್ರಿಕೆಟ್ ಆಡ್ತಿದ್ರು, ಐದೂ ಜನದ ಹಾಜರಿ ನಾನೊಬ್ಬನೇ ಕೂಗ್ತಿದ್ದೆ. ಒಂದಿನ ಮಿಸ್ಸು ನನ್ನ ಗೆಳೆಯನ ಹೆಸರು ಕರೆದ್ರು. ಅವನ ಒಡಕು ದನೀಲೇ "ಯೆಸ್ ಮಿಸ್" ಅಂದೆ. ಕ್ಲಾಸು ಗಪ್ ಅಂತು. ನೋಡ್ತೀನಿ, ಅವನು ಲೇಟಾಗಿ ಬಂದು ಬಾಗಿಲಲ್ಲೇ ನಿಂತವ್ನೆ.

ಮಿಸ್ಸು ಕನ್ನಡಕ ತೆಗೆದು ಅವನನ್ನೇ ಕೇಳಿದ್ರು: "ಏನಪ್ಪಾ, ನೀನು ಒಳಗಿದೀಯೋ, ಆಚೆ ಇದೀಯೋ?"

ಪಾಪ, ಅವನು ಒಂದ್ಸಲ ನನ್ನ ಮುಖ ನೋಡಿದ. ಗೆಳೆತನ ಅಂದ್ರೆ ಅದು. "ಒಳಗಿದೀನಿ ಮಿಸ್" ಅಂದ.

ಗುರುವಾರ ರೆಡಿ

ಲೆಕ್ಕದಲ್ಲಿ ಎರಡು ಸಲ ಫೇಲಾದ ಮೇಲೆ ಅಬ್ಬಾ ನನ್ನ ಅಂಗಡೀಲಿ ಕೂರಿಸ್ಕೊಂಡ್ರು. ತುಮಕೂರಲ್ಲಿ ನಮ್ಮದು ಮಿಕ್ಸಿ, ಫ್ಯಾನು, ಮೋಟರ್ ರಿಪೇರಿ ಅಂಗಡಿ. ಅಬ್ಬಾ ಮಾತು ಕಮ್ಮಿ, ಕೆಮ್ಮು ಜಾಸ್ತಿ. ಪ್ರತಿ ಮಾತಿನ ಕೊನೇಲಿ ಫುಲ್‌ಸ್ಟಾಪ್ ಇಟ್ಟ ಹಾಗೆ ಒಂದು ಸಣ್ಣ ಕೆಮ್ಮು. ಅವರು ನಮಾಜಿಗೆ ಹೋದಾಗ ಫೋನ್ ಬಂದ್ರೆ ನಾನೇ ಅಬ್ಬಾ.

ಕೋರ ಅನ್ನೋ ಹಳ್ಳಿಯಿಂದ ಒಬ್ಬರು ಮಿಕ್ಸಿ ಕೇಳಿ ಫೋನ್ ಮಾಡಿದ್ರು. "ಗುರುವಾರ ರೆಡಿ, ಬನ್ನಿ" ಅಂದೆ. ಕೆಮ್ಮೂ ಸೇರಿಸಿದೆ. ಗುರುವಾರ ಬಂದ್ರು. ಮಿಕ್ಸಿ ಇನ್ನೂ ಬಿಚ್ಚೇ ಇರಲಿಲ್ಲ.

"ನಾನು ಹೇಳೇ ಇಲ್ವಲ್ಲಾ" ಅಂದ್ರು ಅಬ್ಬಾ.

"ಏನ್ ಸಾಹೇಬ್ರೇ, ಕೆಮ್ಮಿದ್ದೂ ನೀವೇ!"

ಅಬ್ಬಾ ನನ್ನ ಕಡೆ ನೋಡಿದ್ರು. ಬೈತಾರೆ ಅಂದ್ಕೊಂಡೆ, ಬೈಲಿಲ್ಲ. ಮಧ್ಯಾಹ್ನದ ಊಟ ಬಿಟ್ಟು ಕೂತು ಆ ಮಿಕ್ಸಿ ಮುಗಿಸಿದ್ರು. ನಾನು ಟಿಫನ್ ಡಬ್ಬಿ ಹಿಡ್ಕೊಂಡು ನಿಂತಿದ್ರೆ, "ನನ್ನ ದನೀಲಿ ಹೋದ ಮಾತು ಕಣೋ. ನಾನೇ ಉಳಿಸ್ಕೋಬೇಕು" ಅಂದ್ರು. ಆ ಮಾತು ನಂಗೆ ಒಂದು ವಾರ ಚುಚ್ಚುತ್ತಾ ಇತ್ತು. ಆದ್ರೆ ಅಂಗಡಿ ಬಾಗಿಲು ಎಳೆಯೋವಾಗ ಅವರೇ ಮೆಲ್ಲಗೆ ಕೇಳಿದ್ರು: "ಈ ವಾರ ಇನ್ನೂ ಯಾರ್ಯಾರಿಗೆ ಏನೇನು ಹೇಳಿದೀನಿ ನಾನು? ಈಗ್ಲೇ ಹೇಳ್ಬುಡು."

ಕುರಿ ಎಣಿಸಿದ ಹಾಗೆ

ಈಗ ಕೆಲಸದ ವಿಷ್ಯ. ಹುಲಿಯೂರುದುರ್ಗದ ಆಚೆ ಒಂದು ಗುಡ್ಡ ಇದೆ. ದೊಡ್ಡ ದೊಡ್ಡ ಬಂಡೆ ಒಂದರ ಮೇಲೊಂದು ಬಿದ್ದು ಒಳಗೆಲ್ಲ ಪೊಳ್ಳು. ಮಳೆ ಬಂದು ಹೋದ ಮೇಲೆ ಆ ಪೊಳ್ಳಿನೊಳಗೆ ಒಂದು ತೊರೆ ಹರಿಯುತ್ತೆ. ಒಬ್ಬರು ಗೈಡ್ ಅಕ್ಕ ಇದಾರೆ, ಹೆಲ್ಮೆಟ್ಟು, ಲೈಟು, ಜಾಕೆಟ್ಟು ಹಾಕಿಸಿ ಜನಾನ ಆ ನೀರಲ್ಲೇ ಒಳಗೆ ನಡೆಸ್ಕೊಂಡು ಹೋಗಿ ಗುಡ್ಡದ ಆ ಕಡೆಯಿಂದ ಆಚೆ ತೆಗೀತಾರೆ. ಸಾಲಿನ ಮುಂದೆ ಅವರು. ಹಿಂದೆ, ಯಾರೂ ಉಳೀದ ಹಾಗೆ ನೋಡ್ಕೊಳ್ಳೋಕೆ ಒಬ್ಬ ಕೊನೆಯವನು ಬೇಕು. ಇದ್ದವನು ಮದುವೆ ಆಗಿ ಬಿಟ್ಟು ಹೋಗಿದ್ದ. ಗೆಳೆಯರ ಜೊತೆ ಒಂದ್ಸಲ ಹೋಗಿ ಬಂದವನು ನಾನು, ಆ ಕೆಲಸ ಕೊಡಿ ಅಂತ ಅಕ್ಕನ ಬೆನ್ನು ಬಿದ್ದೆ.

"ಕೊನೆಯವನ ಕೆಲಸ ತಮಾಷೆ ಅಲ್ಲ ತಮ್ಮಾ" ಅಂದ್ರು ಅಕ್ಕ. "ನಿಂಗಿನ್ನೂ ಹದಿನೆಂಟಾಗಿಲ್ಲ. ಮನೆಯವರು ಒಂದ್ಸಲ ಬಂದು ನೋಡಲಿ. ಆವತ್ತು ಒಂದು ಕಂಪ್ಲೇಂಟ್ ಬರಬಾರ್ದು. ಅವರು ಸೈನ್ ಹಾಕಿದ್ರೆ ಸೇರ್ಕೋ."

ಅಬ್ಬಾ ನಕ್ಕರು. "ನಿನ್ನ ನಂಬಿ ಒಂದು ಸ್ಕ್ರೂ ಕೊಡಕ್ಕಾಗಲ್ಲ, ಜನಾನ ಕೊಡ್ತಾರಾ?" ಆದ್ರೂ ಬಂದ್ರು. ಭಾನುವಾರ ಕುಣಿಗಲ್‌ವರೆಗೆ ಒಂದು ಬಸ್ಸು, ಅಲ್ಲಿಂದ ಇನ್ನೊಂದು.

ಗುಬ್ಬಿಯಿಂದ ಒಂದೇ ಮನೆಯ ನಾಲ್ಕು ಜನ ಬಂದಿದ್ರು: ಒಬ್ಬ ದಪ್ಪ ಆಫೀಸರ್ರು, ಅವರ ಹೆಂಡತಿ, ಇಬ್ಬರು ಹೆಣ್ಣುಮಕ್ಕಳು. ಅವರು ಒಂದರಿಂದ ನಾಲ್ಕು, ಅಬ್ಬಾ ಐದು, ನಾನು ಕೊನೆಯವನು, ಆರು.

"ಒಳಗೆ ಮುಖ ಕಾಣಲ್ಲ" ಅಂದ್ರು ಅಕ್ಕ. "ನಾನು ನಿಂತಾಗೆಲ್ಲ ಎಲ್ರೂ ತಂತಮ್ಮ ನಂಬರ್ ಕೂಗ್ಬೇಕು. ಒಂದು ದನಿ ಕಮ್ಮಿ ಆದ್ರೂ ನಾನು ಮುಂದಕ್ಕೆ ಹೆಜ್ಜೆ ಇಡಲ್ಲ."

ಅಬ್ಬಾ ನನ್ನ ಕಿವೀಲಿ, "ಸಂತೇಲಿ ಕುರಿ ಎಣಿಸಿದ ಹಾಗೆ ಎಣಿಸ್ತಾಳೇನೋ? ನಾನು ಕೂಗಲ್ಲ ಹೋಗು" ಅಂದ್ರು.

ಒಳಗೆ ಹೋದ್ವಿ. ಮೊಣಕಾಲಿನವರೆಗೆ ನೀರು, ಸದ್ದು ಅಂದ್ರೆ ಹತ್ತು ಮಿಕ್ಸಿ ಒಟ್ಟಿಗೆ ತಿರುಗಿದ ಹಾಗೆ. ಅಕ್ಕ ನಿಂತ್ರು. ಒಂದು, ಎರಡು, ಮೂರು, ನಾಲ್ಕು ಬಂತು. ಆಮೇಲೆ ಏನೂ ಇಲ್ಲ. ಅಬ್ಬಾ ಹಟ ಹಿಡಿದ್ರೆ ಹೀಗೇ. ಅಕ್ಕ ಕಾಯ್ತಾ ಇದಾರೆ. ನನ್ನ ಕೆಲಸ ನೀರಲ್ಲಿ ಹೋಗೋದು ನಂಗೆ ಕಾಣ್ತು. "ಐದು" ಅಂದೆ, ಅಬ್ಬಾ ದನೀಲಿ. ಒಂದು ಕೆಮ್ಮು. ಆಮೇಲೆ ನನ್ನ ದನೀಲಿ "ಆರು". ನೀರಿನ ಸದ್ದಿಗೆ ಕಿವಿ ಮುಚ್ಕೊಂಡಿದ್ದ ಅಬ್ಬಾಗೆ ಏನೂ ಕೇಳಲಿಲ್ಲ.

ಸ್ವಲ್ಪ ಮುಂದೆ ಅಕ್ಕ ನನ್ನ ಹತ್ರ ಬಂದು ಮೆಚ್ಚಿಕೊಂಡ್ರು: "ನಿಮ್ಮಪ್ಪ ಎಷ್ಟು ಶಿಸ್ತಿನ ಮನುಷ್ಯ ನೋಡು, ಕಲ್ತ್ಕೋ."

ಜಾರ್ ಸಿಕ್ಕಾಕೊಂಡ್ರೆ

ಮಧ್ಯ ಒಂದು ಇಕ್ಕಟ್ಟು. ಎರಡು ಬಂಡೆ ನಡುವೆ ಪಕ್ಕಕ್ಕೆ ತಿರುಗಿ ಸರಿಯಬೇಕು. ಆಫೀಸರ್ರು ಅರ್ಧಕ್ಕೆ ನಿಂತು ಹೋದ್ರು.

"ಸಾರ್, ಉಸಿರು ಪೂರ್ತಿ ಆಚೆ ಬಿಡಿ" ಅಕ್ಕ ಮುಂದಿನಿಂದ.

"ಬಿಡ್ತಾ ಇದೀನಿ ಮೇಡಂ, ಅದು ವಾಪಸ್ ಬರ್ತಾ ಇದೆ!"

ಹಿಂದಿನಿಂದ ಹೆಂಡತಿ: "ಬೆಳಿಗ್ಗೆ ಎಂಟು ಇಡ್ಲಿ ಬೇಡ ಅಂದೆ."

"ಈಗ ಇಡ್ಲಿ ವಿಷ್ಯ ಯಾಕೆ ಕಣೇ?"

"ಅದೇ ತಾನೇ ಅಡ್ಡ ಬಂದಿರೋದು?"

ಮಕ್ಕಳು ಎಳೆಯಕ್ಕೆ ಹೋದ್ರು. ಅಬ್ಬಾ ಮುಂದೆ ಬಂದು ತಡೆದ್ರು. "ಜಾರ್ ಸಿಕ್ಕಾಕೊಂಡ್ರೆ ಎಳೀಬಾರ್ದು, ತಿರುಗಿಸ್ಬೇಕು" ಅಂತ ಆಫೀಸರ್ ಭುಜ ಹಿಡಿದು ಎಡಕ್ಕೆ ಒಂದು ಚೂರು ತಿರುಗಿಸಿದ್ರು. ಆಫೀಸರ್ರು ಬುಳಕ್ ಅಂತ ಆ ಕಡೆ ಬಿದ್ರು.

ಹೆಂಡತಿ ಕೈ ಮುಗಿದು, "ಏನ್ ಕೆಲ್ಸ ಸಾಹೇಬ್ರೇ ನಿಮ್ದು?" ಅಂದ್ರು.

"ಮಿಕ್ಸಿ ರಿಪೇರಿ."

"ಇವ್ರಿಗೆ ಎಷ್ಟು ತಿಂಗಳು ಗ್ಯಾರಂಟಿ?"

ಐದು

ಗುಡ್ಡದ ಹೊಟ್ಟೇಲಿ ಒಂದು ದೊಡ್ಡ ಹಾಲ್ ಇದೆ. ಅಲ್ಲಿ ನೀರು ಹರಿಯಲ್ಲ, ಸುಮ್ನೆ ನಿಂತಿರುತ್ತೆ. ಅಕ್ಕ ಎಲ್ಲರ ಲೈಟೂ ಆರಿಸಿ ಒಂದು ನಿಮಿಷ ಮಾತಾಡಬೇಡಿ ಅಂತಾರೆ.

ಕತ್ತಲು ಅಂದ್ರೆ ಕರೆಂಟು ಹೋದ ಕತ್ತಲಲ್ಲ. ಕಣ್ಣು ತೆಗೆದ್ರೂ ಒಂದೇ, ಮುಚ್ಚಿದ್ರೂ ಒಂದೇ. ನನ್ನ ಕೈ ಎಲ್ಲಿದೆ ಅಂತ ನಂಗೇ ಗೊತ್ತಾಗಲಿಲ್ಲ. ಎಲ್ಲೋ ಒಂದು ಹನಿ ಬೀಳ್ತಾ ಇತ್ತು. ಹುಟ್ಟಿದಾಗಿಂದ ಯಾರಾದ್ರೂ ನನ್ನ ನೋಡಿ ನಗ್ತಾ ಇರ್ಬೇಕು ಅನ್ನೋನು ನಾನು. ಅಲ್ಲಿ ನೋಡೋರೇ ಇಲ್ಲ. ಆಗ ನಾನು ಯಾರು? ಅಷ್ಟರಲ್ಲಿ ಅಕ್ಕ "ನಂಬರ್" ಅಂದ್ರು. ಜೀವ ಬಂತು. ನಾಲ್ಕರವರೆಗೆ ಬಂದು ನಿಂತಿತು. "ಐದು" ಅಂದೆ, ಕೆಮ್ಮಿದೆ, "ಆರು" ಅಂದೆ. ಲೈಟು ಹತ್ತಿತು, ಕತ್ತಲಲ್ಲಿ ಸಾಲು ಕಲೆಸಿ ಹೋಗಿತ್ತು. ನನ್ನ ಮುಂದೆ ಒಂದು ಅಗಲ ಬೆನ್ನು, ಕಿತ್ತಳೆ ಜಾಕೆಟ್ಟು. ಅದರ ಹಿಂದೆ ನಡೆದೆ. ಹಗ್ಗ ಹಿಡ್ಕೊಂಡು ಒಂದು ಆಳದ ಮಡು ದಾಟಿ ಬಿಸಿಲಿಗೆ ಬಂದ್ವಿ.

ಅಬ್ಬಾ ಅಂದ್ಕೊಂಡಿದ್ದ ಆ ಅಗಲ ಬೆನ್ನು ತಿರುಗಿತು. ಆಫೀಸರ್ರು.

"ನಿಮ್ಮಪ್ಪ ಎಲ್ಲಿ?" ಅಂದ್ರು ಅಕ್ಕ. ಎಲ್ಲರನ್ನೂ ಒಂದ್ಸಲ ನೋಡಿದ್ರು, ಮುಖ ಬಿಳಿಚಿಕೊಳ್ತು. "ಹಾಲಲ್ಲಿ ಆರು ದನಿ ಬಂತು. ಇಲ್ಲಿ ಐದು ಮುಖ ಇದೆ. ಅಂದ್ರೆ ಹಾಲ್ ದಾಟಿದ ಮೇಲೇ ಹೋಗಿರೋದು. ಮಡೂಲಿ." ಹಗ್ಗ ಸೊಂಟಕ್ಕೆ ಕಟ್ಟಿಕೊಳ್ಳೋಕೆ ಶುರು ಮಾಡಿದ್ರು. ಮಡೂಲಿ ಮುಳುಗಿ ಹುಡುಕೋದಂತೆ.

ಬಾಯಿ ಬಿಟ್ರೆ ಕೆಲಸ ಹೋಯ್ತು. ಬಿಡದಿದ್ರೆ ಅಬ್ಬಾ ಇಲ್ಲದ ಕಡೆ ಅಕ್ಕ ಜೀವ ಒತ್ತೆ ಇಟ್ಟು ಹುಡುಕ್ತಾರೆ. ಇಷ್ಟು ದಿನ ನಾನು ಬೇರೆಯವರ ದನೀನ ಆಟದ ಸಾಮಾನು ಅಂದ್ಕೊಂಡಿದ್ದೆ. ಆ ಕತ್ತಲಲ್ಲಿ ಒಬ್ಬ ಮನುಷ್ಯ ಇದಾನೆ ಅನ್ನೋಕೆ ಇರೋ ಸಾಕ್ಷಿ ಅದೊಂದೇ. ಅಬ್ಬಾನ ಸಾಕ್ಷೀನ ನಾನು ಕದ್ದು ಆಚೆ ತಂದಿದ್ದೆ.

"ಅಕ್ಕಾ, ಮಡೂಲಿ ಹುಡುಕ್ಬೇಡಿ" ಅಂದೆ. ಅದು ನನ್ನದೇ ದನಿ, ಆದ್ರೂ ನಂಗೇ ಗುರುತು ಸಿಗಲಿಲ್ಲ. "ಆ ಐದು ನಂದು."

ಅಕ್ಕ ಒಂದು ಕ್ಷಣ ನನ್ನ ನೋಡಿದ್ರು. ಸೊಂಟದ ಹಗ್ಗ ಬಿಚ್ಚಿ ಹಾಲಿನ ಕಡೆ ತಿರುಗಿದ್ರು. "ನಡಿ" ಅಂದ್ರು.

ಹಾಲಿನ ಮೂಲೇಲಿ ಒಂದು ಬಂಡೆ ಮೇಲೆ ಅಬ್ಬಾ ಚಕ್ಕಳಮಕ್ಕಳ ಹಾಕ್ಕೊಂಡು ಕೂತಿದ್ರು. ತಲೆ ಮೇಲೆ ಲೈಟಿದೆ, ಹಾಕಿಲ್ಲ. ನಾನು ಓಡಿ ಹೋಗಿ ಕೈ ಹಿಡ್ಕೊಂಡೆ. ಆ ಕೈ ಬಿಡೋಕೆ ಮನಸ್ಸು ಬರಲಿಲ್ಲ.

"ಲೈಟ್ ಯಾಕೆ ಹಾಕ್ಲಿಲ್ಲ ಅಬ್ಬಾ?"

"ಸತ್ತವನಿಗೆ ಲೈಟ್ ಯಾಕೋ?" ಅಂದ್ರು.

ವಿಷ್ಯ ಇಷ್ಟೇ. ಕತ್ತಲಾದಾಗ ಕಾಲು ನೋಯ್ತು ಅಂತ ಪಕ್ಕಕ್ಕೆ ಸರಿದು ಆ ಮೂಲೆಯ ಮರೇಲಿ ಕೂತಿದ್ರು. ಆಗ ದೂರದಿಂದ ಅವರದೇ ದನಿ "ಐದು" ಅಂತು, ಅವರದೇ ಕೆಮ್ಮು ಕೆಮ್ಮಿತು. ಆಮೇಲೆ ಆ ದನಿ ಎಲ್ಲರ ಜೊತೆ ಆಚೆ ಹೋಯ್ತು. "ನಾನು ಹೋಗ್ಬುಟ್ಟೆ, ಇಲ್ಲಿ ಉಳಿದಿರೋದು ಇನ್ನೇನೋ ಅನ್ಕೊಂಡೆ. ಮೊದಲು ನೆನಪಾಗಿದ್ದು, ಆ ವಕೀಲರ ಫ್ಯಾನಿಗೆ ಬೇರಿಂಗ್ ಹಾಕಿಲ್ಲ ಅಂತ."

"ಆಮೇಲೆ?"

"ಆಮೇಲೆ ನಿನ್ನ ಗತಿ ಏನು ಅಂತ ಯೋಚ್ನೆ ಆಯ್ತು. ಆಮೇಲೆ ತೊಡೆ ಚಿವುಟಿಕೊಂಡೆ, ನೋಯ್ತು. ಬದುಕಿದೀನಿ ಅಂತಾಯ್ತು. ಹಾಗಾದ್ರೆ ಆಚೆ ಹೋದವನು ಯಾರು? ಇಡೀ ಜಿಲ್ಲೇಲಿ ಅಂಥ ಹರಾಮ್‌ಖೋರ್ ಒಬ್ಬನೇ ಇರೋದು. ಅವನೇ ಬಂದು ಕರ್ಕೊಂಡು ಹೋಗ್ಲಿ ಅಂತ ಕೂತೆ."

ಸೈನು

ಆಚೆ ಬಂದ ಮೇಲೆ ನಾನು ಜಾಕೆಟ್ ಬಿಚ್ಚಿ ಮಡಿಚಿ ಅಕ್ಕನ ಮುಂದೆ ಇಟ್ಟೆ. ಇನ್ನೇನು ಕೇಳೋದು?

ಅಕ್ಕ ಅದನ್ನ ಮುಟ್ಟಲಿಲ್ಲ. "ಇನ್ಮೇಲೆ ನಂಬರ್ ಕೂಗೋದಿಲ್ಲ. ಕೊನೆಯವನು ಒಬ್ಬೊಬ್ಬರ ಭುಜ ಮುಟ್ಟಿ, ಮುಖದ ಮೇಲೆ ಲೈಟ್ ಬಿಟ್ಟು ನೋಡಿ ಬಂದು ನಂಗೆ ಹೇಳ್ಬೇಕು. ಸುಳ್ಳು ಹೇಳೋಕೆ ಬರೋನು ಕೊನೇಲಿ ನಿಜ ಹೇಳಿದ್ದನ್ನ ಇವತ್ತು ನೋಡಿದೀನಿ. ಆದ್ರೆ ನಿರ್ಧಾರ ನಿಮ್ದು ಸಾಹೇಬ್ರೇ."

ಅಬ್ಬಾ ಕಾಗದ ತಿರುಗಿಸಿ ಮುರುಗಿಸಿ ನೋಡಿದ್ರು. "ಎಲ್ಲರೂ ಆಚೆ ಬರೋವರೆಗೂ ಇವನು ಬರಂಗಿಲ್ಲ ತಾನೇ?"

"ಬರಂಗಿಲ್ಲ."

ಸೈನ್ ಹಾಕಿದ್ರು. ಬಸ್ಸಲ್ಲಿ ಕುಣಿಗಲ್ ಕೆರೆ ಕಂಡಾಗ ಅಂದ್ರು: "ಕೆಮ್ಮು ಚೆನ್ನಾಗೇ ಬರುತ್ತೆ ನಿಂಗೆ."

ಮುಂದಿನ ಭಾನುವಾರ ಡ್ಯೂಟಿಯ ಮೊದಲ ದಿನ. ಆರು ಗಂಟೆ ಬಸ್ಸು. ಬೆಳಗಿನ ಜಾವ ಅಡುಗೆ ಮನೆಯಿಂದ ಅಮ್ಮಿ ಕೂಗಿದಳು: "ಎದ್ದೇನೋ?"

"ಎದ್ದೆ ಅಮ್ಮೀ, ಸ್ನಾನಕ್ಕೆ ಹೊರಟೆ" ಅಂತ ಅಬ್ಬಾ ಮಲಗೋ ಹೊರಗಿನ ಕೋಣೆಯಿಂದ ನನ್ನ ದನಿ ಬಂತು. ನಂದೇ. ಅದೇ ಸೋಮಾರಿ ಎಳೆತ, ಕೊನೇಲಿ ಅದೇ ಆಕಳಿಕೆ. ಅಮ್ಮಿ ಸಮಾಧಾನವಾಗಿ ಚಪಾತಿ ಲಟ್ಟಿಸೋಕೆ ಶುರು ಮಾಡಿದಳು.

ನಾನು ಹಾಸಿಗೇಲಿ ಮಲಗೇ ಇದ್ದೆ. ಹೊದಿಕೆ ಒಳಗೆ ಕತ್ತಲು. ಒಂದು ನಿಮಿಷ ಅಲ್ಲಾಡಲಿಲ್ಲ. ಆಮೇಲೆ ಮೆಲ್ಲಗೆ ತೊಡೆ ಚಿವುಟಿ ನೋಡಿಕೊಂಡೆ.